ಬೆಳಕಿನ ಬೆನ್ನು ಹತ್ತಿದ ಬಿ.ಎಸ್. ರಂಗಾ

1964ರಲ್ಲಿ ತೆರೆಕಂಡ ‘ಅಮರಶಿಲ್ಪಿ ಜಕಣಾಚಾರಿ’ ಕನ್ನಡದ ಮೊದಲ ಪೂರ್ಣ ವರ್ಣಚಿತ್ರ. ಈ ಸಾಲನ್ನು ನಾವು ರಸಪ್ರಶ್ನೆಯ ಉತ್ತರದಂತೆ ಬಾಯಿಪಾಠ ಮಾಡಿಟ್ಟುಕೊಂಡಿದ್ದೇವೆ. ನಿರ್ದೇಶಕರು ಯಾರೆಂದು ಕೇಳಿದರೆ ಬಿ.ಎಸ್. ರಂಗಾ ಎಂದೂ ಹೇಳುತ್ತೇವೆ. ಮಾತು ಅಲ್ಲಿಗೇ ಮುಗಿದುಹೋಗುತ್ತದೆ. 1934ರ ‘ಸತಿ ಸುಲೋಚನಾ’ದಿಂದ ಮೂವತ್ತು ವರ್ಷ ಕಪ್ಪು ಬಿಳುಪಿನಲ್ಲೇ ಉಸಿರಾಡಿದ ಚಿತ್ರರಂಗಕ್ಕೆ ಬಣ್ಣ ಎಲ್ಲಿಂದ ಬಂತು, ಅದಕ್ಕೆ ಹಣ ಹೇಗೆ ಹೊಂದಿತು, ಆ ಭಾರಕ್ಕೆ ಹೆಗಲು ಕೊಟ್ಟವರು ಮೂಲತಃ ಒಬ್ಬ ಕ್ಯಾಮೆರಾಮನ್ ಆಗಿದ್ದದ್ದು ಬರೀ ಕಾಕತಾಳೀಯವೇ ಎಂದು ಕೇಳಿಕೊಂಡವರು ಕಡಿಮೆ. ಈ ವಾರ ಅದನ್ನೇ ಬಿಡಿಸಿ ನೋಡೋಣ.

ಬಿಂಡಿಗನವಿಲೆ ಶ್ರೀನಿವಾಸ ಅಯ್ಯಂಗಾರ್ ರಂಗಾ ಹುಟ್ಟಿದ್ದು 1917ರಲ್ಲಿ, ಮಾಗಡಿಯಲ್ಲಿ. ಫೋಟೊ ತೆಗೆಯುವ ಹುಚ್ಚೇ ಅವರನ್ನು ಸಿನಿಮಾ ಕ್ಯಾಮೆರಾದ ಬಳಿಗೆ ಕರೆತಂದಿತು. 1940ರ ದಶಕದಲ್ಲಿ ಮದ್ರಾಸಿನಲ್ಲಿ ಛಾಯಾಗ್ರಾಹಕರಾದರು. 1950ರ ದಶಕದಲ್ಲಿ ವಿಕ್ರಮ್ ಪ್ರೊಡಕ್ಷನ್ಸ್ ಎಂಬ ಸ್ವಂತ ಸಂಸ್ಥೆ ಕಟ್ಟಿದರು, 1954ರಲ್ಲಿ ತೆಲುಗಿನ ‘ಮಾ ಗೋಪಿ’ಯನ್ನು ನಿರ್ದೇಶಿಸಿದರು. ಮದ್ರಾಸಿನಲ್ಲಿ ವಿಕ್ರಮ್ ಸ್ಟುಡಿಯೊ ಎದ್ದಿತು. ಮುಂದೆ ಬೆಂಗಳೂರಿನಲ್ಲಿ ವಸಂತ್ ಕಲರ್ ಲ್ಯಾಬ್ ಬಂತು. 2010ರ ಡಿಸೆಂಬರಿನಲ್ಲಿ ಚೆನ್ನೈನಲ್ಲಿ ತೀರಿಕೊಂಡಾಗ ಅವರಿಗೆ 93 ವರ್ಷ.

ಈ ಪಟ್ಟಿ ಓದಿದವರಿಗೆ ಒಂದರಿಂದ ಇನ್ನೊಂದಕ್ಕೆ ಹಾರಿದ ಉದ್ಯಮಿಯೊಬ್ಬರ ಚಿತ್ರ ಕಣ್ಣಿಗೆ ಕಟ್ಟಬಹುದು. ನನಗೆ ಹಾಗೆ ತೋರುವುದಿಲ್ಲ. ಕ್ಯಾಮೆರಾ, ನಿರ್ಮಾಣ, ನಿರ್ದೇಶನ, ಸ್ಟುಡಿಯೊ, ಲ್ಯಾಬ್ ಎಂಬ ಈ ಅನುಕ್ರಮದಲ್ಲಿ ಒಂದೇ ದಾರಿ ಕಾಣುತ್ತದೆ. ತಾನು ಫಿಲ್ಮಿನ ಮೇಲೆ ಹಿಡಿದ ಬೆಳಕು ಪರರ ಕೈಗೆ ಸಿಕ್ಕಿ ಕೆಡದಿರಲಿ ಎಂದು ಛಾಯಾಗ್ರಾಹಕನೊಬ್ಬ ಅದರ ಬೆನ್ನು ಹತ್ತಿ ಹೋದ ದಾರಿ ಅದು. ಆ ದಾರಿಯ ಕಷ್ಟ ಅರ್ಥವಾಗಬೇಕಾದರೆ ಫಿಲ್ಮಿನ ಕಾಲದ ಕೆಲಸದ ಬಗೆ ಗೊತ್ತಿರಬೇಕು.

ಇವತ್ತು ಶಾಟ್ ಮುಗಿದ ಮರುಕ್ಷಣ ಮಾನಿಟರಿನಲ್ಲಿ ಚಿತ್ರ ನೋಡುತ್ತೇವೆ. ಆಗ ಕ್ಯಾಮೆರಾಮನ್ ಕುರುಡಾಗಿಯೇ ನಂಬಬೇಕಿತ್ತು. ಮೀಟರು ಹಿಡಿದು ಬೆಳಕು ಅಳೆದು, ಲೆನ್ಸಿನ ಬಾಯಿ ಎಷ್ಟು ತೆರೆಯಬೇಕೆಂದು ಲೆಕ್ಕ ಹಾಕಿ, ‘ಓಕೆ’ ಎಂದ ಮೇಲೆ ಆ ಫಿಲ್ಮ್ ಕತ್ತಲ ಡಬ್ಬಿಯೊಳಗೆ ಲ್ಯಾಬಿಗೆ ಹೋಗುತ್ತಿತ್ತು. ಲ್ಯಾಬಿನವರು ತೊಳೆದು, ಪ್ರಿಂಟ್ ಹಾಕಿ ಕಳಿಸಿದ ಮೇಲಷ್ಟೇ ಗುಟ್ಟು ರಟ್ಟಾಗುವುದು. ತೊಳೆಯುವ ದ್ರಾವಣದ ಬಿಸಿ ಸ್ವಲ್ಪ ಹೆಚ್ಚುಕಡಿಮೆಯಾದರೆ ಮುಖದ ನೆರಳು ಬದಲಾಗುತ್ತದೆ. ಪ್ರಿಂಟ್ ಹಾಕುವವರು ಒಂದಿಷ್ಟು ಹೆಚ್ಚು ಬೆಳಕು ಬಿಟ್ಟರೆ ರಾತ್ರಿಯ ದೃಶ್ಯ ಮುಸ್ಸಂಜೆಯಾಗುತ್ತದೆ. ಬಣ್ಣದಲ್ಲಂತೂ ಕೆಂಪು, ಹಸಿರು, ನೀಲಿಗೆ ಸಂಬಂಧಿಸಿದ ಮೂರು ಪದರಗಳೂ ಏಕಕಾಲಕ್ಕೆ ಹದವಾಗಿ ಕೂರಬೇಕು. ಒಂದು ಜಾರಿದರೂ ನಾಯಕಿಯ ಕೆನ್ನೆ ಹಸಿರಾಗಿಬಿಡುತ್ತದೆ. ಹಾಗಾದಾಗ ಪ್ರೇಕ್ಷಕ ಬೈಯುವುದು ಲ್ಯಾಬನ್ನಲ್ಲ, ಟೈಟಲ್ ಕಾರ್ಡಿನಲ್ಲಿ ಹೆಸರಿರುವ ಛಾಯಾಗ್ರಾಹಕನನ್ನು.

ಲ್ಯಾಬಿಗಿಂತ ಮುಂಚಿನ ಅಂಕುಶಗಳೂ ಇದ್ದವು. ಎಷ್ಟು ದೀಪ ಬಾಡಿಗೆಗೆ ತರಬಹುದು ಎಂದು ತೀರ್ಮಾನಿಸುವವರು ನಿರ್ಮಾಪಕರು. ಸೆಟ್ಟಿನ ಗೋಡೆಗೆ ಯಾವ ಬಣ್ಣ, ನಟಿಯ ಸೀರೆಗೆ ಯಾವ ಬಣ್ಣ ಎಂದು ಹೇಳುವ ಹಕ್ಕು ನಿರ್ದೇಶಕರದ್ದು. ಫ್ಲೋರ್ ಎಷ್ಟು ದಿನ ಸಿಗುತ್ತದೆಂಬುದು ಸ್ಟುಡಿಯೊ ಮಾಲೀಕರ ಕೈಯಲ್ಲಿ. ಇವರೆಲ್ಲರ ನಡುವೆ ಉಳಿದ ಜಾಗದಲ್ಲಿ ಕ್ಯಾಮೆರಾಮನ್ ತನ್ನ ಕಲೆ ತೋರಬೇಕು. ರಂಗಾ ಈ ಒಂದೊಂದು ಕುರ್ಚಿಯಲ್ಲೂ ತಾವೇ ಹೋಗಿ ಕೂತರು. ಸೋಜಿಗವೆಂದರೆ, ನಿರ್ದೇಶಕರಾದ ಮೇಲೆ ಕ್ಯಾಮೆರಾವನ್ನು ಬಿಗಿಯಾಗಿ ಹಿಡಿದು ಕೂರಲಿಲ್ಲ. 1956ರ ‘ತೆನಾಲಿ ರಾಮಕೃಷ್ಣ’ಕ್ಕೆ ಛಾಯಾಗ್ರಹಣ ಬಿ.ಎನ್. ಹರಿದಾಸ್ ಅವರದ್ದು. ತನ್ನ ಕಸುಬನ್ನು ಇನ್ನೊಬ್ಬರಿಗೆ ವಹಿಸಿ, ಆ ಕಸುಬು ಚೆನ್ನಾಗಿ ನಡೆಯಲು ಬೇಕಾದ ಮಿಕ್ಕೆಲ್ಲವನ್ನೂ ತಾನು ನೋಡಿಕೊಳ್ಳುವುದು ದೊಡ್ಡ ಮನಸ್ಸು ಎಂದೇ ನಾನು ಭಾವಿಸುತ್ತೇನೆ.

‘ತೆನಾಲಿ ರಾಮಕೃಷ್ಣ’ವನ್ನು ಸ್ವಲ್ಪ ನಿಂತು ನೋಡಬೇಕು. ಏಕೆಂದರೆ ಎಂಟು ವರ್ಷಗಳ ನಂತರ ಬಂದ ಬಣ್ಣದ ಲೆಕ್ಕಾಚಾರದ ಬೀಜ ಅದರಲ್ಲಿದೆ. ವಿಜಯನಗರದ ಅರಮನೆ, ಆಸ್ಥಾನ, ಪೋಷಾಕು ಎಲ್ಲವೂ ದುಬಾರಿ. ರಂಗಾ ಅದೇ ಕಥೆಯನ್ನು ತೆಲುಗಿನಲ್ಲೂ ತಮಿಳಿನಲ್ಲೂ ತೆಗೆದರು. ಎರಡರಲ್ಲೂ ಕೃಷ್ಣದೇವರಾಯ ಎನ್.ಟಿ. ರಾಮರಾವ್. ರಾಮಕೃಷ್ಣನ ಪಾತ್ರಕ್ಕೆ ತೆಲುಗಿನಲ್ಲಿ ಅಕ್ಕಿನೇನಿ ನಾಗೇಶ್ವರರಾವ್, ತಮಿಳಿನಲ್ಲಿ ಶಿವಾಜಿ ಗಣೇಶನ್. ಇದು ಡಬ್ಬಿಂಗ್ ಅಲ್ಲ. ಆಯಾ ಭಾಷೆಯ ಜನ ತಮ್ಮ ಮನೆಯವನೆಂದು ಒಪ್ಪಿಕೊಂಡ ನಟನನ್ನೇ ಮುಂದಿಟ್ಟು, ಖರ್ಚಿನ ಹೊರೆಯನ್ನು ಎರಡು ಮಾರುಕಟ್ಟೆಗೆ ಹಂಚುವ ಜಾಣ್ಮೆ. ಅದೇ ತೆನಾಲಿಯನ್ನು ಕನ್ನಡಕ್ಕೆ ತರುವ ಆಸೆ ಅವರನ್ನು ಬಿಡಲಿಲ್ಲವೆಂದು ಕಾಣುತ್ತದೆ. ಇಪ್ಪತ್ತಾರು ವರ್ಷಗಳ ಬಳಿಕ, 1982ರಲ್ಲಿ, ಅನಂತ್‌ನಾಗ್ ನಟಿಸಿದ ‘ಹಾಸ್ಯರತ್ನ ರಾಮಕೃಷ್ಣ’ ಬಂತು.

ನಡುವೆ 1959ರಲ್ಲಿ ‘ಮಹಿಷಾಸುರ ಮರ್ದಿನಿ’. ರಾಜ್‌ಕುಮಾರ್ ಅವರನ್ನು ರಂಗಾ ಮಹಿಷಾಸುರನನ್ನಾಗಿ ಮಾಡಿದರು. ಭಕ್ತ, ಸಂತ, ಸಜ್ಜನ ಪಾತ್ರಗಳಲ್ಲಿ ಜನ ಮೆಚ್ಚಿದ್ದ ನಟನ ಕಣ್ಣಲ್ಲಿ ರಾಕ್ಷಸನ ಉರಿ ಇದೆ ಎಂದು ಗುರುತಿಸಿದ್ದು ಕ್ಯಾಮೆರಾದ ಹಿಂದೆ ನಿಂತು ಮುಖಗಳನ್ನು ಓದಿದ ಅನುಭವವೇ ಇರಬೇಕು. ಆ ಚಿತ್ರ ಹಲವು ಭಾಷೆಗಳಿಗೆ ಡಬ್ ಆಗಿ ಕನ್ನಡ ನಾಡಿನ ಆಚೆಗೂ ಹೋಯಿತು. ಚಾಮುಂಡಿ ಬೆಟ್ಟದ ನೆರಳಿನಲ್ಲಿ ಬದುಕುವ ನಮಗೆ ಮಹಿಷನ ಕಥೆ ಊರಿನದೇ ಕಥೆ. ಅದು ಮದ್ರಾಸಿನಲ್ಲಿ ಚಿತ್ರವಾಗಿ, ಬೇರೆ ನುಡಿಗಳ ಜನರನ್ನು ಮುಟ್ಟಿದ್ದು ಹೆಮ್ಮೆಯ ಸಂಗತಿ.

ಇನ್ನು ಜಕಣಾಚಾರಿ. ಬಣ್ಣದ ಫಿಲ್ಮ್ ಕಪ್ಪು ಬಿಳುಪಿಗಿಂತ ದುಬಾರಿ, ತೊಳೆಸುವುದೂ ದುಬಾರಿ, ಒಂದೊಂದು ಚಿತ್ರಮಂದಿರಕ್ಕೆ ಕಳಿಸುವ ಪ್ರಿಂಟೂ ದುಬಾರಿ. ಕನ್ನಡ ಚಿತ್ರಕ್ಕಿದ್ದ ಮಾರುಕಟ್ಟೆ ಆಗ ಚಿಕ್ಕದು. ಬೆಂಗಳೂರಿನ ದೊಡ್ಡ ಥಿಯೇಟರುಗಳಲ್ಲಿ ತಮಿಳು, ತೆಲುಗು, ಹಿಂದಿ ಚಿತ್ರಗಳ ಎದುರು ಕನ್ನಡಕ್ಕೆ ಜಾಗ ಸಿಗುವುದೇ ಕಷ್ಟವಿತ್ತು. ಆದ್ದರಿಂದ ರಂಗಾ ತೆನಾಲಿಯ ಲೆಕ್ಕವನ್ನೇ ಮತ್ತೆ ಹೂಡಿದರು. ಕನ್ನಡದಲ್ಲಿ ಕಲ್ಯಾಣ್‌ಕುಮಾರ್, ತೆಲುಗಿನಲ್ಲಿ ಅಕ್ಕಿನೇನಿ, ಎರಡಕ್ಕೂ ಬಿ. ಸರೋಜಾದೇವಿ. ಸಂಗೀತ ಎಸ್. ರಾಜೇಶ್ವರರಾವ್. ಎರಡೂ 1964ರಲ್ಲೇ ಬಂದವು. ಕನ್ನಡಕ್ಕೆ ಬಣ್ಣ ಬಂದದ್ದು ಹೀಗೆ: ತೆಲುಗು ಮಾರುಕಟ್ಟೆಯ ಹೆಗಲು ಹಿಡಿದು, ಕನ್ನಡದ ಕಥೆಯೊಂದನ್ನು ಎರಡೂ ಕಡೆಗೆ ಒಪ್ಪಿಸಿ. ಛಾಯಾಗ್ರಾಹಕನ ಆಸೆಗೆ ನಿರ್ಮಾಪಕನ ಬುದ್ಧಿ ದಾರಿ ಮಾಡಿಕೊಟ್ಟಿತು. ಈ ಇಬ್ಬರೂ ಒಬ್ಬರೇ ಆಗಿರದಿದ್ದರೆ ನಾವು ಇನ್ನೂ ಕೆಲವು ವರ್ಷ ಕಾಯಬೇಕಾಗಿತ್ತೇನೋ.

ಕಥೆಯ ಆಯ್ಕೆಯನ್ನೂ ಗಮನಿಸಿ. ಮೊದಲ ಬಣ್ಣದ ಚಿತ್ರಕ್ಕೆ ಅವರು ಆರಿಸಿಕೊಂಡದ್ದು ಕಲ್ಲಿನ ಕಥೆ. ಜಕಣಾಚಾರಿ ಕಡೆದನೆಂದು ಐತಿಹ್ಯ ಹೇಳುವ ಬೇಲೂರಿನ ಚೆನ್ನಕೇಶವ ದೇವಾಲಯ ಪ್ರತಿಷ್ಠೆಯಾದದ್ದು 1117ರಲ್ಲಿ, ಹೊಯ್ಸಳ ವಿಷ್ಣುವರ್ಧನನ ಕಾಲದಲ್ಲಿ. ಬಳಪದ ಕಲ್ಲಿನ ಬೂದು ಮಿಶ್ರಿತ ಹಸಿರು ಬಣ್ಣದ ಗುಡಿ ಅದು. ಕಲ್ಲಿಗೆ ತನ್ನದೇ ಬಣ್ಣ ಕಡಿಮೆ. ಅದರ ಜೀವವಿರುವುದು ಉಬ್ಬು ತಗ್ಗುಗಳ ನೆರಳಿನಲ್ಲಿ. ಬೆಳಗಿನ ಓರೆ ಬಿಸಿಲಿನಲ್ಲಿ ಮದನಿಕೆಯ ಬಳೆ, ಬೆರಳು, ಜಡೆ ಎದ್ದು ಕಾಣುತ್ತವೆ. ನೆತ್ತಿಯ ಮೇಲೆ ಸೂರ್ಯ ಬಂದಾಗ ಅದೇ ಶಿಲ್ಪ ಚಪ್ಪಟೆಯಾಗುತ್ತದೆ. ಬಣ್ಣದ ಫಿಲ್ಮ್ ಕೈಗೆ ಸಿಕ್ಕಾಗ ಯಾರಾದರೂ ಹೂತೋಟವನ್ನೋ ಅಪ್ಸರೆಯರ ಲೋಕವನ್ನೋ ಆರಿಸಿಕೊಂಡಾರು. ನೆರಳನ್ನೇ ನಂಬಿದ ಶಿಲ್ಪದ ಲೋಕವನ್ನು ಆರಿಸಿಕೊಂಡದ್ದು ನೆರಳಿನ ಬೆಲೆ ಬಲ್ಲ ಮನುಷ್ಯ.

ಜಕಣಾಚಾರಿಯ ಐತಿಹ್ಯ ನಮಗೆಲ್ಲ ಗೊತ್ತು. ಜಕಣಾಚಾರಿ ಕಡೆದ ವಿಗ್ರಹದ ಕಲ್ಲಿನಲ್ಲಿ ದೋಷವಿದೆ ಎಂದು ಎಳೆಯ ಶಿಲ್ಪಿ ಹೇಳುತ್ತಾನೆ. ಇದ್ದರೆ ನನ್ನ ಕೈಯನ್ನೇ ಕತ್ತರಿಸಿಕೊಳ್ಳುತ್ತೇನೆ ಎಂದು ಹಿರಿಯ ಶಪಥ ಮಾಡುತ್ತಾನೆ. ವಿಗ್ರಹಕ್ಕೆಲ್ಲ ಗಂಧ ಪೂಸುತ್ತಾರೆ. ಎಲ್ಲ ಕಡೆ ಒಣಗಿದ ಗಂಧ ಹೊಕ್ಕುಳ ಬಳಿ ಮಾತ್ರ ಹಸಿಯಾಗಿ ಉಳಿಯುತ್ತದೆ. ಉಳಿಯ ಏಟಿಗೆ ನೀರು, ಮರಳು, ಕಪ್ಪೆ ಹೊರಬರುತ್ತವೆ. ಜಕಣಾಚಾರಿ ಎಂಬ ಒಬ್ಬ ವ್ಯಕ್ತಿ ಇದ್ದನೇ ಎಂಬುದರ ಬಗ್ಗೆ ಇತಿಹಾಸಕಾರರಿಗೆ ಅನುಮಾನಗಳಿವೆ. ಬೇಲೂರಿನ ಎಷ್ಟೋ ಶಿಲ್ಪಗಳ ಕೆಳಗೆ ಬೇರೆ ಬೇರೆ ಶಿಲ್ಪಿಗಳ ಸಹಿಗಳೇ ಇವೆ. ಆದರೆ ಈ ಕಥೆಯ ನಡುಮಧ್ಯದಲ್ಲಿರುವುದು ಮಾತಲ್ಲ, ನೋಟ. ಒಣಗುತ್ತಿರುವ ಗಂಧ, ಒಣಗದೆ ಉಳಿದ ಅಂಗೈಯಗಲದ ಜಾಗ. ಎಲ್ಲರ ಕಣ್ಣೂ ಅಲ್ಲೇ ನೆಡುತ್ತದೆ. ಸಂಭಾಷಣೆಯ ಹಂಗಿಲ್ಲದೆ ಕ್ಯಾಮೆರಾ ಹೇಳಿ ಮುಗಿಸಬಹುದಾದ ಕಥೆ ಇದು. ಕ್ಯಾಮೆರಾ ಹಿನ್ನೆಲೆಯ ನಿರ್ದೇಶಕನನ್ನು ಇದು ಸೆಳೆದದ್ದು ಸಹಜ.

ಆ ಕಾಲದ ಈಸ್ಟ್‌ಮನ್ ಬಣ್ಣದ ನೆಗೆಟಿವ್‌ನ ವೇಗ ಸುಮಾರು 50 ಎಎಸ್‌ಎ. ಇವತ್ತಿನ ಮೊಬೈಲು ಕೂಡ ಮಬ್ಬುಗತ್ತಲಲ್ಲಿ ಚಿತ್ರ ತೆಗೆಯುವುದನ್ನು ಕಂಡವರಿಗೆ ಇದರ ಕಷ್ಟ ಊಹಿಸುವುದು ಸುಲಭವಲ್ಲ. ಒಳಾಂಗಣದ ದೃಶ್ಯವೊಂದಕ್ಕೆ ಸಾಲು ಸಾಲು ದೀಪ ಉರಿಸಬೇಕು. ಆ ಕಾವಿನಲ್ಲಿ ನಟರ ಮೇಕಪ್ಪು ಕರಗದಂತೆ ಕಾಯಬೇಕು. ಮೇಲಿನ ಅಟ್ಟಣಿಗೆಯ ಮೇಲೆ ಲೈಟ್‌ಬಾಯ್‌ಗಳು ಬೆವರಿಳಿಸುತ್ತ ದೀಪದ ದಿಕ್ಕು ತಿರುಗಿಸುತ್ತಿರಬೇಕು. ಸ್ವಂತ ಸ್ಟುಡಿಯೊದ ಬೆಲೆ ಗೊತ್ತಾಗುವುದು ಇಂಥಲ್ಲಿ. ಫ್ಲೋರಿನ ಗಡಿಯಾರ ನೋಡುತ್ತ ಬಾಡಿಗೆ ಎಣಿಸುವವರು ಮಾಡಲಾಗದ ಪ್ರಯೋಗವನ್ನು ಮಾಲೀಕನೇ ಮಾಡಿದರೆ ತಡೆಯುವವರಾರು?

ಹಾಗೆಂದು ಬಣ್ಣ ಬಂದದ್ದೇ ಕನ್ನಡ ಬಣ್ಣದಲ್ಲಿ ಮಿಂದೇಳಲಿಲ್ಲ. 1965ರಲ್ಲಿ ರಾಜ್‌ಕುಮಾರ್ ಅವರೊಂದಿಗೆ ‘ಚಂದ್ರಹಾಸ’ ಮತ್ತು ‘ಮಹಾಸತಿ ಅನಸೂಯ’ ತೆಗೆದಾಗ ರಂಗಾ ಮತ್ತೆ ಕಪ್ಪು ಬಿಳುಪಿಗೇ ಮರಳಿದರು. 1971ರ ‘ಕಸ್ತೂರಿ ನಿವಾಸ’ ಕೂಡ ಕಪ್ಪು ಬಿಳುಪೇ. 2014ರಲ್ಲಿ ಅದಕ್ಕೆ ಕಂಪ್ಯೂಟರಿನಿಂದ ಬಣ್ಣ ಹಚ್ಚಿ ಮರುಬಿಡುಗಡೆ ಮಾಡಿದ್ದು ನೆನಪಿರಬಹುದು. 1972ರ ‘ಬಂಗಾರದ ಮನುಷ್ಯ’, ‘ನಾಗರಹಾವು’ ಚಿತ್ರಗಳ ಹೊತ್ತಿಗಷ್ಟೇ ಬಣ್ಣ ನಮ್ಮಲ್ಲಿ ನೆಲೆಯೂರಿತು. ಮೊದಲಿಗರಾಗುವುದರ ನೋವು ಇದು. ದಾರಿ ತೋರಿಸಿದವರಿಗೆ ಆ ದಾರಿಯಲ್ಲಿ ಎರಡನೇ ಸಲ ನಡೆಯಲು ಕೈಯಲ್ಲಿ ಕಾಸಿರುವುದಿಲ್ಲ.

‘ಕಸ್ತೂರಿ ನಿವಾಸ’ದ ಹೆಸರು ಬಂದಾಗ ಅದನ್ನು ನಿರ್ದೇಶಿಸಿದ ದೊರೈ–ಭಗವಾನ್ ಜೋಡಿಯನ್ನು ನೆನೆಯಲೇಬೇಕು. ಆ ಜೋಡಿಯ ಬಿ. ದೊರೈರಾಜ್ ಕೂಡ ಮೂಲತಃ ಕ್ಯಾಮೆರಾಮನ್. 1968ರ ‘ಜೇಡರ ಬಲೆ’ಯಿಂದ ಮುಂದೆ ಎಸ್.ಕೆ. ಭಗವಾನ್ ಅವರ ಜೊತೆಗೂಡಿ ನಿರ್ದೇಶನ, ನಿರ್ಮಾಣ ಎರಡಕ್ಕೂ ಇಳಿದರು. ಒಬ್ಬರು ನೋಟ ನೋಡಿಕೊಂಡರೆ ಇನ್ನೊಬ್ಬರು ಕಥೆಯ ಹಗ್ಗ ಹಿಡಿದರು ಎಂದು ಸರಳವಾಗಿ ಹೇಳಿಬಿಡಬಹುದು. ಆದರೆ ಅಷ್ಟು ವರ್ಷ ಜೊತೆಗೆ ಕೆಲಸ ಮಾಡಿದವರಲ್ಲಿ ಆ ಗೆರೆ ಎಂದೋ ಅಳಿಸಿಹೋಗಿರುತ್ತದೆ.

ಈಗ ನಮ್ಮ ಊರಿನ ಕಡೆ ತಿರುಗೋಣ. ಕ್ಯಾಮೆರಾಮನ್ನರೆಲ್ಲ ರಂಗಾ ಅವರಂತೆ ಹೊರಟವರಲ್ಲ. ಮೈಸೂರಿನಲ್ಲಿ 1923ರಲ್ಲಿ ಹುಟ್ಟಿದ ಇಬ್ಬರು ಬೆಳಕಿನ ಕಸುಬಿನಲ್ಲಿ ದೇಶಕ್ಕೇ ಹೆಸರಾದರು. ಒಬ್ಬರು ಪತ್ರಿಕಾ ಛಾಯಾಗ್ರಾಹಕ ಟಿ.ಎಸ್. ಸತ್ಯನ್. ಇನ್ನೊಬ್ಬರು ಗುರುದತ್ ಅವರ ಚಿತ್ರಗಳ ಕಣ್ಣಾಗಿದ್ದ ವಿ.ಕೆ. ಮೂರ್ತಿ. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣ ಕಲಿತ ಮೂರ್ತಿಯವರು 1959ರ ‘ಕಾಗಜ್ ಕೆ ಫೂಲ್’ಗಾಗಿ ಕನ್ನಡಿಗಳನ್ನಿಟ್ಟು ಹೊರಗಿನ ಬಿಸಿಲನ್ನೇ ಸ್ಟುಡಿಯೊದ ಕತ್ತಲೊಳಗೆ ಇಳಿಸಿದರು. ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರವೂ ಅದೇ. 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಅವರಿಗೆ ಬಂದಾಗ, ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಎಂಬ ಗೌರವವೂ ಜೊತೆಗೇ ಬಂತು. ಅವರು ನಿರ್ದೇಶಕರಾಗಲಿಲ್ಲ, ನಿರ್ಮಾಪಕರೂ ಆಗಲಿಲ್ಲ. ತಮ್ಮ ಕಣ್ಣನ್ನು ಪೂರ್ತಿ ನಂಬುವ ನಿರ್ದೇಶಕರೊಬ್ಬರು ಅವರಿಗೆ ಸಿಕ್ಕಿದ್ದರು. ಅಂಥ ಜೊತೆ ಸಿಕ್ಕವರಿಗೆ ಬೇರೆ ಕುರ್ಚಿ ಬೇಕಾಗುವುದಿಲ್ಲ.

ಮೂರ್ತಿಯವರ ಶಿಷ್ಯ ಗೋವಿಂದ ನಿಹಲಾನಿ ಮಾತ್ರ ರಂಗಾ ಅವರ ದಾರಿ ಹಿಡಿದರು. ಅವರೂ ಅದೇ ಪಾಲಿಟೆಕ್ನಿಕ್ಕಿನ ವಿದ್ಯಾರ್ಥಿ. ಗಿರೀಶ ಕಾರ್ನಾಡರ ‘ಕಾಡು’ ಚಿತ್ರಕ್ಕೆ, ಶ್ಯಾಮ್ ಬೆನಗಲ್ ಅವರ ‘ಮಂಥನ್’, ‘ಭೂಮಿಕಾ’, ‘ಜುನೂನ್’ ಚಿತ್ರಗಳಿಗೆ ಕ್ಯಾಮೆರಾ ಹಿಡಿದವರು. 1980ರಲ್ಲಿ ‘ಆಕ್ರೋಶ್’ನಿಂದ ನಿರ್ದೇಶಕರಾದರು, 1983ರಲ್ಲಿ ‘ಅರ್ಧ ಸತ್ಯ’ ಕೊಟ್ಟರು, ಮುಂದೆ ತಾವೇ ನಿರ್ಮಾಣಕ್ಕೂ ಕೈಹಾಕಿದರು. ದೇಶ ವಿಭಜನೆಯ ನೋವಿನ ಕಥೆ ‘ತಮಸ್’ ಅನ್ನು 1988ರಲ್ಲಿ ದೂರದರ್ಶನಕ್ಕೆ ಮಾಡಿದಾಗ, ಕ್ಯಾಮೆರಾ ಕೆಲಸದಲ್ಲಿ ಅವರಿಗೆ ಜೊತೆಯಾದವರು ಗುರು ಮೂರ್ತಿಯವರೇ. ಶಿಷ್ಯ ನಿರ್ದೇಶಕ, ಗುರು ಛಾಯಾಗ್ರಾಹಕ. ಈ ಒಂದು ಸಂಗತಿಗೆ ನಾನು ಎಷ್ಟು ಮನಸೋತಿದ್ದೇನೆಂದರೆ, ಇವರಿಬ್ಬರ ಮೇಲೇ ಬೇರೊಂದು ಅಂಕಣ ಬರೆಯಬೇಕು.

ಇದೇ ದಾರಿ ಹಿಡಿದ ಬಾಲು ಮಹೇಂದ್ರ ಅವರನ್ನು ತಮಿಳರು ತಮ್ಮವರೆಂದು ಎದೆಗಪ್ಪಿಕೊಂಡಿದ್ದಾರೆ, ಸರಿಯೇ. ಆದರೆ ಛಾಯಾಗ್ರಾಹಕರಾಗಿದ್ದ ಅವರು ನಿರ್ದೇಶಕರಾದದ್ದು ಕನ್ನಡದ ‘ಕೋಕಿಲ’ದಿಂದ, 1977ರಲ್ಲಿ. ಆ ಕಪ್ಪು ಬಿಳುಪಿನ ಚಿತ್ರಕ್ಕೆ ಅವರಿಗೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ಬಂತು.

ಮತ್ತೆ ರಂಗಾ ಅವರ ಲ್ಯಾಬಿಗೆ ಬರೋಣ. ಅದರ ಬೆಲೆ ತಿಳಿಯಲು ನಮ್ಮ ಮೈಸೂರನ್ನೇ ನೋಡಿ. ಹುಣಸೂರು ರಸ್ತೆಯ ಪ್ರೀಮಿಯರ್ ಸ್ಟುಡಿಯೊದಲ್ಲಿ ಒಂದು ಕಾಲಕ್ಕೆ ಎಷ್ಟೊಂದು ಕನ್ನಡ ಚಿತ್ರಗಳು ತಯಾರಾದವು ಎಂಬುದನ್ನು ಹಳೆಯ ಮೈಸೂರಿಗರು ಈಗಲೂ ಹೇಳುತ್ತಾರೆ. ಫ್ಲೋರ್ ಇತ್ತು, ನಟರಿದ್ದರು, ಶ್ರೀರಂಗಪಟ್ಟಣ, ಮೇಲುಕೋಟೆಯಂಥ ಹೊರಾಂಗಣ ಹತ್ತಿರದಲ್ಲೇ ಇತ್ತು. ಬಣ್ಣದ ನೆಗೆಟಿವ್ ತೊಳೆಯುವ ಲ್ಯಾಬ್ ಮಾತ್ರ ಇರಲಿಲ್ಲ. ಡಬ್ಬಿಗಳು ಮದ್ರಾಸಿನ ದಾರಿ ಹಿಡಿಯಬೇಕಿತ್ತು. ತೊಳೆದ ಚಿತ್ರ ಕಣ್ಣಿಗೆ ಬೀಳುವ ತನಕ ತಪ್ಪು ತಿಳಿಯದು. ತಿಳಿಯುವ ಹೊತ್ತಿಗೆ ನಟರು ಹೋಗಿರುತ್ತಾರೆ, ಸೆಟ್ ಕಳಚಿರುತ್ತದೆ. ಬೆಂಗಳೂರಿನಲ್ಲಿ ವಸಂತ್ ಕಲರ್ ಲ್ಯಾಬ್ ಬಂದದ್ದರಿಂದ ಕನ್ನಡ ಚಿತ್ರವೊಂದು ಹುಟ್ಟಿ ಬೆಳೆದು ಪ್ರಿಂಟಾಗುವವರೆಗೆ ನಾಡಿನೊಳಗೇ ಇರಲು ದಾರಿಯಾಯಿತು. ರಂಗಾ ಅವರ ಹೆಸರಿನ ಮುಂದೆ ‘ಮೊದಲ ವರ್ಣಚಿತ್ರ’ ಎಂದು ಬರೆಯುವವರು ಈ ಲ್ಯಾಬನ್ನೂ ಬರೆಯಬೇಕು. ನನ್ನ ಲೆಕ್ಕದಲ್ಲಿ ಇದರ ತೂಕ ಇನ್ನೂ ಹೆಚ್ಚು. ಚಿತ್ರ ಒಂದು ಸಲ ಬರುತ್ತದೆ, ಲ್ಯಾಬ್ ದಿನವೂ ಪರರ ಚಿತ್ರಗಳಿಗೆ ದುಡಿಯುತ್ತದೆ.

ನಾನಿರುವ ರಾಜೀವನಗರದಲ್ಲಿ ಮದುವೆ ಸೀಸನ್ ಬಂತೆಂದರೆ ಕ್ಯಾಮೆರಾ ಹುಡುಗರಿಗೆ ಪುರುಸೊತ್ತಿರುವುದಿಲ್ಲ. ಅವರೇ ಶೂಟ್ ಮಾಡುತ್ತಾರೆ, ಡ್ರೋನ್ ಹಾರಿಸುತ್ತಾರೆ, ರಾತ್ರಿಯೆಲ್ಲ ಎಡಿಟ್ ಮಾಡುತ್ತಾರೆ, ಬಣ್ಣ ತಿದ್ದುತ್ತಾರೆ, ಅಂಗಡಿಯ ಬೋರ್ಡಿನ ಮೇಲೆ ತಮ್ಮದೇ ಹೆಸರಿಟ್ಟಿರುತ್ತಾರೆ. ರಂಗಾ ಒಂದು ಆಯಸ್ಸು ಸವೆಸಿ ಒಂದೆಡೆ ಸೇರಿಸಿದ ಎಲ್ಲ ಕುರ್ಚಿಗಳೂ ಅವರಿಗೆ ಒಂದೇ ಮೇಜಿನ ಸುತ್ತ ಸಿಕ್ಕಿವೆ. ಅವರಲ್ಲೊಬ್ಬ ಹುಡುಗ ಮೊನ್ನೆ ಕೇಳಿದ: “ಸಾರ್, ಕ್ಯಾಮೆರಾದವ್ರು ಪಿಕ್ಚರ್ ಡೈರೆಕ್ಟ್ ಮಾಡಿದ್ರೆ ಓಡುತ್ತಾ?” ಹತ್ತಿರದ ಉದಾಹರಣೆಯಾಗಿ ಎಸ್. ಕೃಷ್ಣ ಅವರ ಹೆಸರು ಹೇಳಿದೆ. 2006ರಲ್ಲಿ ‘ಮುಂಗಾರು ಮಳೆ’ಯ ಮಳೆಯನ್ನು ಕ್ಯಾಮೆರಾದಲ್ಲಿ ಹಿಡಿದವರು. 2014ರಲ್ಲಿ ‘ಗಜಕೇಸರಿ’, 2017ರಲ್ಲಿ ‘ಹೆಬ್ಬುಲಿ’ ನಿರ್ದೇಶಿಸಿದರು. 2019ರ ‘ಪೈಲ್ವಾನ್’ ಚಿತ್ರವನ್ನು ಸ್ವಂತ ಬ್ಯಾನರಿನಲ್ಲಿ ತೆಗೆದು ಐದು ಭಾಷೆಗಳಲ್ಲಿ ಬಿಡುಗಡೆ ಮಾಡಿದರು. ಹಲವು ಭಾಷೆಗಳಿಗೆ ಖರ್ಚು ಹಂಚುವ ಆ ಉಪಾಯಕ್ಕೆ ಅರವತ್ತು ವರ್ಷಗಳ ಹಿಂದಿನ ಬೇರಿದೆ ಎಂದು ಹೇಳಿದಾಗ ಹುಡುಗ ರಂಗಾ ಅವರ ಹೆಸರನ್ನು ಮೊಬೈ‌ಲಿನಲ್ಲಿ ಬರೆದುಕೊಂಡ. ಚಿತ್ರ ಹುಡುಕಿ ನೋಡುತ್ತೇನೆ ಎಂದ.

ಅವನು ನೋಡುವುದು ಯಾವ ಬಣ್ಣವನ್ನು ಎಂಬುದೇ ನನ್ನ ಚಿಂತೆ. ಆ ದಶಕಗಳ ಈಸ್ಟ್‌ಮನ್ ಪ್ರಿಂಟುಗಳಿಗೆ ಒಂದು ಶಾಪವಿದೆ. ಅವುಗಳ ವರ್ಣದ್ರವ್ಯ ಸ್ಥಿರವಲ್ಲ. ನೀಲಿ–ಹಸಿರಿನ ಪದರ ಮೊದಲು ಮಾಸುತ್ತದೆ, ಹಳದಿಯೂ ಕ್ಷೀಣಿಸುತ್ತದೆ, ಉಳಿಯುವುದು ಮಂಕಾದ ಗುಲಾಬಿ ಛಾಯೆ. ಬಿಸಿ ಮತ್ತು ತೇವ ಇದ್ದಲ್ಲಿ ಇದು ಇನ್ನೂ ಬೇಗ. ಮಾಸಿದ ಪ್ರಿಂಟಿನಿಂದ ಟೇಪಿಗೆ, ಟೇಪಿನಿಂದ ಟಿ.ವಿ.ಗೆ, ಅಲ್ಲಿಂದ ಯೂಟ್ಯೂಬಿಗೆ ಇಳಿದ ಚಿತ್ರ ನೋಡಿ ಹಳೆಯವರ ಬಣ್ಣ ಇಷ್ಟೇ ಎಂದು ತೀರ್ಪು ಕೊಡುವುದು ದೊಡ್ಡ ಅನ್ಯಾಯ.

‘ಅಮರಶಿಲ್ಪಿ ಜಕಣಾಚಾರಿ’ ಬಂದ 1964ರಲ್ಲೇ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಭಂಡಾರ ಸ್ಥಾಪನೆಯಾಯಿತು. ಕರ್ನಾಟಕದಲ್ಲಿ 2009ರಿಂದ ಚಲನಚಿತ್ರ ಅಕಾಡೆಮಿ ಇದೆ. ಇವೆರಡೂ ಕೈಜೋಡಿಸಿ, ಕನ್ನಡದ ಮೊದಲ ವರ್ಣಚಿತ್ರದ ಮೂಲ ನೆಗೆಟಿವ್ ಹುಡುಕುವ ಕೆಲಸವನ್ನು ಎಲ್ಲಕ್ಕಿಂತ ಮುಂದೆ ಇಟ್ಟುಕೊಳ್ಳಬೇಕೆಂದು ಇಲ್ಲಿ ಒತ್ತಾಯಿಸುತ್ತೇನೆ. ತಂಪಾದ, ಒಣ ಜಾಗದಲ್ಲಿ ಇಟ್ಟ ನೆಗೆಟಿವ್ ಪ್ರಿಂಟಿಗಿಂತ ಚೆನ್ನಾಗಿ ಉಳಿದಿರುವ ಸಾಧ್ಯತೆ ಹೆಚ್ಚು. ಅದು ಸಿಕ್ಕರೆ ಒಂದೊಂದು ಚೌಕಟ್ಟನ್ನೂ ಸ್ಕ್ಯಾನ್ ಮಾಡಿ, ಮಾಸಿದ ಪದರವನ್ನು ಕಂಪ್ಯೂಟರಿನಲ್ಲಿ ತೂಗಿ ಸರಿಹೊಂದಿಸಬಹುದು. ಕನ್ನಡದ ನೆಗೆಟಿವ್ ಸಿಗದಿದ್ದರೆ ತೆಲುಗು ಆವೃತ್ತಿಯದ್ದನ್ನಾದರೂ ಹುಡುಕಬೇಕು. ನಟರು ಬೇರೆಯಾದರೂ ಬಣ್ಣದ ಹದ ಒಂದೇ ಕೈಯದ್ದು, ಒಂದನ್ನು ಮುಂದಿಟ್ಟುಕೊಂಡು ಇನ್ನೊಂದನ್ನು ತಿದ್ದಲು ಬರುತ್ತದೆ. ರಂಗಾ ಅವರ ಕೈಕೆಳಗೆ ಲ್ಯಾಬಿನಲ್ಲಿ, ಸ್ಟುಡಿಯೊದಲ್ಲಿ ದುಡಿದವರು ಚೆನ್ನೈನಲ್ಲೋ ಬೆಂಗಳೂರಿನಲ್ಲೋ ಇನ್ನೂ ಇದ್ದಾರು. ಆ ಬಣ್ಣ ಹೇಗಿತ್ತೆಂದು ಕೇಳಬೇಕಾದದ್ದು ಅವರನ್ನೇ, ಅದೂ ಈ ವರ್ಷವೇ.